ಗಾಯದೊಳಗೇ ಹಾಕಬೇಕಾದ ಇಂಜೆಕ್ಷನ್

ತಾಲ್ಲೂಕು ಆಸ್ಪತ್ರೆಯ ಕ್ಯಾಶುವಾಲ್ಟಿಯಲ್ಲಿ ಕೂತವರಿಗೆ ನಾಯಿ ಕಡಿತ ದಿನನಿತ್ಯದ ಕೇಸು. ಬೇರೆ ಕಡೆಯಿಂದ ನಮ್ಮಲ್ಲಿಗೆ ಕಳಿಸಿದವರ ಕೈಯಲ್ಲಿ ಒಂದು ಚೀಟಿ ಇರುತ್ತದೆ: ‘ಎಆರ್‌ವಿ, ಟಿಟಿ ಕೊಟ್ಟಿದೆ. ಇಮ್ಯುನೋಗ್ಲೋಬ್ಯುಲಿನ್‌ಗೆ ಕಳಿಸಿದೆ.’ ಎಆರ್‌ವಿ ಅಂದರೆ ರೇಬೀಸ್ (ಹುಚ್ಚುನಾಯಿ ರೋಗ) ತಡೆಯುವ ವ್ಯಾಕ್ಸಿನ್, ಟಿಟಿ ಧನುರ್ವಾಯುವಿನದು. ಇಮ್ಯುನೋಗ್ಲೋಬ್ಯುಲಿನ್ ಮಾತ್ರ ಯಾವುದು, ಎಷ್ಟು, ಎಲ್ಲಿಗೆ, ಒಂದೂ ಬರೆದಿರುವುದಿಲ್ಲ. ಕೆಲವೊಮ್ಮೆ ಇನ್ನೂ ಕೆಟ್ಟದ್ದು ಇರುತ್ತದೆ: ‘ಇಮ್ಯುನೋಗ್ಲೋಬ್ಯುಲಿನ್ ಸ್ನಾಯುವಿಗೆ ಕೊಟ್ಟಿದೆ.’ ಅಂದರೆ ಕಚ್ಚಿದ್ದು ಕೈಗೆ, ಔಷಧಿ ಹೋದದ್ದು ಸೊಂಟಕ್ಕೆ.

ಈ ಗೊಂದಲಕ್ಕೆ ಅರ್ಧ ಕಾರಣ ಹೆಸರೇ. ಹೆರಿಗೆ ವಾರ್ಡಿನಲ್ಲಿ ಇಮ್ಯುನೋಗ್ಲೋಬ್ಯುಲಿನ್ ಅಂದರೆ ಆಂಟಿ-ಡಿ. ನೆಗೆಟಿವ್ ಗುಂಪಿನ ತಾಯಿಗೆ ಪಾಸಿಟಿವ್ ಮಗು ಹುಟ್ಟಿದರೆ 72 ಗಂಟೆಯೊಳಗೆ ಅದನ್ನು ತಾಯಿಯ ಸ್ನಾಯುವಿಗೆ ಕೊಡುತ್ತಾರೆ. ಹೆಪಟೈಟಿಸ್ ಬಿ ಇರುವ ತಾಯಿಯ ಕೂಸಿಗೆ ಹುಟ್ಟಿದ 12 ಗಂಟೆಯೊಳಗೆ, ತೊಡೆಗೆ ಹಾಕುವುದೂ ಇಮ್ಯುನೋಗ್ಲೋಬ್ಯುಲಿನ್ನೇ. ಧನುರ್ವಾಯುವಿನದು ಬೇರೆ. ದೊಡ್ಡಾಸ್ಪತ್ರೆಯ ನರರೋಗ ವಿಭಾಗದವರು ಇದೇ ಪದ ಹೇಳಿದರೆ, ಡ್ರಿಪ್ ಹಾಕಿ ಗಂಟೆಗಟ್ಟಲೆ ರಕ್ತನಾಳಕ್ಕೆ ಬಿಡುವ ಐವಿಐಜಿ ಎಂದು ಅರ್ಥ. ಎಲ್ಲದರ ತಿರುಳು ಒಂದೇ: ಬೇರೊಬ್ಬ ಮನುಷ್ಯನ ಅಥವಾ ಪ್ರಾಣಿಯ ರಕ್ತದಲ್ಲಿ ಆಗಲೇ ತಯಾರಾದ ಪ್ರತಿಕಾಯಗಳನ್ನು (ಆಂಟಿಬಾಡಿಗಳನ್ನು) ಬೇರ್ಪಡಿಸಿ, ಶುದ್ಧಮಾಡಿ ಸೀಸೆಗೆ ತುಂಬಿದ್ದು. ರೋಗಿಯ ಮೈ ಏನೂ ಕಲಿಯಬೇಕಾಗಿಲ್ಲ, ತಯಾರಿಸಬೇಕಾಗಿಲ್ಲ. ಉಳಿದವೆಲ್ಲ ರಕ್ತದ ಮೂಲಕ ತಮ್ಮ ಕೆಲಸದ ಜಾಗ ಸೇರಿಕೊಳ್ಳುತ್ತವೆ. ರೇಬೀಸ್‌ನದು ಮಾತ್ರ ಹಾಗಲ್ಲ. ಅದನ್ನು ವೈರಸ್ ಬಿದ್ದ ಜಾಗಕ್ಕೇ ಕೊಂಡೊಯ್ದು ಇಡಬೇಕು.

ಒಮ್ಮೆ ಮೊಮ್ಮಗನ ಕೆನ್ನೆಗೆ ನಾಯಿ ಬಾಯಿ ಹಾಕಿತೆಂದು ಎತ್ತಿಕೊಂಡು ಬಂದ ಅಜ್ಜಿ ಒಬ್ಬರು ನನ್ನ ಕೈ ಹಿಡಿದುಬಿಟ್ಟರು. “ಮೇಡಮ್ಮೋರೆ, ಮುಖಕ್ಕೆ ಯಾಕೆ ಚುಚ್ತೀರ? ಸೊಂಟಕ್ಕೆ ಹಾಕ್ಬಿಡಿ. ಮಗ ಆಗ್ಲೇ ಅತ್ತೂ ಅತ್ತೂ ಸುಸ್ತಾಗೈತೆ.”

“ಅಜ್ಜಿ, ತೋಳಿಗೆ ಹಾಕಿದ್ನಲ್ಲ, ಅದು ಬಿತ್ತನೆ. ಅದು ತೆನೆ ಆಗೋಕೆ ಹತ್ತು ಹದಿನೈದು ದಿನ ಬೇಕು. ಅಲ್ಲೀಗಂಟ ಊಟಕ್ಕೆ ಅಂಗಡಿಯಿಂದ ಅಕ್ಕಿ ತರಲ್ವಾ? ಇದು ಆ ಅಕ್ಕಿ. ನಾಯಿ ಜೊಲ್ಲು ಬಿದ್ದಿರೋದು ಕೆನ್ನೇಲಿ, ಅದಕ್ಕೇ ಕೆನ್ನೆಗೇ ಹಾಕ್ಬೇಕು.” ಅಜ್ಜಿ ಹುಡುಗನ ತಲೆ ಗಟ್ಟಿಯಾಗಿ ಹಿಡಿದುಕೊಂಡರು.

ವಿವರಿಸುವುದಾದರೆ ಸಂಗತಿ ಅಷ್ಟೇ. ವ್ಯಾಕ್ಸಿನ್ ಕೊಟ್ಟ ಮೇಲೆ ನಮ್ಮದೇ ಪ್ರತಿಕಾಯ ಸಾಕಷ್ಟು ಹುಟ್ಟಲು ಒಂದರಿಂದ ಎರಡು ವಾರ ಹಿಡಿಯುತ್ತದೆ. ರೇಬೀಸ್ ವೈರಸ್ ಗಾಯದ ಸ್ನಾಯುವಿನಲ್ಲಿ ಸ್ವಲ್ಪ ಕಾಲ ಇದ್ದು, ಆಮೇಲೆ ನರದ ತುದಿ ಹಿಡಿದು ಮೆದುಳಿನ ಕಡೆ ಹೊರಡುತ್ತದೆ. ನರದೊಳಗೆ ಹೊಕ್ಕಮೇಲೆ ಪ್ರತಿಕಾಯದ ಕೈಗೆ ಅದು ಸಿಗುವುದು ಕಷ್ಟ. ಮುಖ, ಕತ್ತು, ಬೆರಳುಗಳಲ್ಲಿ ನರಗಳು ದಟ್ಟ. ಮುಖದಿಂದ ಮೆದುಳಿಗೆ ದಾರಿಯೂ ಹತ್ತಿರ. ಆ ಮೊದಲ ವಾರದ ಖಾಲಿ ಜಾಗ ತುಂಬುವುದೇ ಇಮ್ಯುನೋಗ್ಲೋಬ್ಯುಲಿನ್‌ನ ಕೆಲಸ.

ಇದಕ್ಕೆ ಪುರಾವೆ ಕೇಳುವ ಹೌಸ್ ಸರ್ಜನ್‌ಗಳಿಗೆ ನಾನು ಇರಾನಿನ ತೋಳದ ಕಥೆ ಹೇಳುತ್ತೇನೆ. 1954ರ ಆಗಸ್ಟ್‌ನಲ್ಲಿ ಅಲ್ಲಿನ ಒಂದು ಹಳ್ಳಿಗೆ ನುಗ್ಗಿದ ಹುಚ್ಚು ತೋಳ 29 ಜನರನ್ನು ಕಚ್ಚಿತು. ಅವರಲ್ಲಿ 18 ಜನಕ್ಕೆ ತಲೆ, ಮುಖದ ಮೇಲೆ ಗಾಯ. ಈ 18ರಲ್ಲಿ ಬರೀ ವ್ಯಾಕ್ಸಿನ್ ಪಡೆದವರು ಐದು ಜನ, ಮೂವರು ಸತ್ತರು. ವ್ಯಾಕ್ಸಿನ್ ಜೊತೆ ಸೀರಮ್ಮೂ (ರೇಬೀಸ್ ಪ್ರತಿಕಾಯ ಇರುವ ರಕ್ತದ್ರವ) ಪಡೆದ 13 ಜನರಲ್ಲಿ ಸತ್ತವರು ಒಬ್ಬರು. ಆಗಿನ ಸೀರಮ್‌ನ ಮೊಮ್ಮಗನೇ ಈಗ ನಮ್ಮ ಫ್ರಿಜ್‌ನಲ್ಲಿರುವ ವಯಲ್. ಆಗ ಅದನ್ನು ಸ್ನಾಯುವಿಗೇ ಕೊಟ್ಟಿದ್ದರು. ಗಾಯದೊಳಗೇ ತುಂಬಬೇಕು ಎಂಬ ಪಾಠ ಗಟ್ಟಿಯಾದದ್ದು ಆಮೇಲೆ.

ಈಗ ನಾನು ಮಾಡುವ ರೀತಿ.

ಮೊದಲು ನಲ್ಲಿ. ಎಷ್ಟೇ ಜನ ಕಾಯುತ್ತಿರಲಿ, ಸೋಪು ಹಚ್ಚಿ ಹರಿಯುವ ನೀರಿನಲ್ಲಿ ಹದಿನೈದು ನಿಮಿಷ ತೊಳೆಸುತ್ತೇನೆ. ಅರಿಶಿನ, ಸುಣ್ಣ, ಕಾಫಿಪುಡಿ, ಖಾರದಪುಡಿ ಮೆತ್ತಿಕೊಂಡು ಬಂದವರದ್ದು ತೊಳೆಯುವುದೇ ಅರ್ಧ ಕೆಲಸ. ಆಮೇಲೆ ರೋಗಾಣು ಕೊಲ್ಲುವ ಪೊವಿಡೋನ್ ಅಯೋಡಿನ್. ಹೊಲಿಗೆ ಹಾಕುವುದಿಲ್ಲ, ರಕ್ತ ನಿಲ್ಲದೆ ಹಾಕಲೇಬೇಕಾದರೆ ಇಮ್ಯುನೋಗ್ಲೋಬ್ಯುಲಿನ್ ತುಂಬಿದ ಮೇಲೆ, ಸಡಿಲವಾಗಿ ಒಂದೆರಡು. ಅಲ್ಲಿ ಇಲ್ಲಿ ಚೆಂದಕ್ಕೆ ಹೊಲಿದು ಕಳಿಸಿದ ಮುಖಗಳನ್ನು ನೋಡಿದಾಗ ನನಗೆ ಸಿಟ್ಟು ಬರುತ್ತದೆ. ಸೂಜಿ ಗಾಯದ ಆಳಕ್ಕೆ ವೈರಸ್ಸನ್ನು ದಬ್ಬಿದಂತೆಯೇ ಅದು.

ಇಮ್ಯುನೋಗ್ಲೋಬ್ಯುಲಿನ್ ಯಾರಿಗೆ ಬೇಕು? ಚರ್ಮ ದಾಟಿದ ಕಡಿತ ಅಥವಾ ಪರಚು, ಬಿರುಕು ಬಿಟ್ಟ ಚರ್ಮವನ್ನು ನೆಕ್ಕಿದ್ದು, ಬಾಯಿ ಕಣ್ಣಿಗೆ ಜೊಲ್ಲು ಸಿಡಿದದ್ದು. ನಾವು ಕೆಟಗರಿ ಮೂರು ಎನ್ನುವುದು ಇದನ್ನೇ. ರಕ್ತ ಬಾರದ ಮೇಲ್ಪರಚು ಕೆಟಗರಿ ಎರಡು, ಅದಕ್ಕೆ ವ್ಯಾಕ್ಸಿನ್ ಸಾಕು; ಎಚ್‌ಐವಿಯಂಥ ಕಾರಣಕ್ಕೆ ರೋಗನಿರೋಧಕ ಶಕ್ತಿ ಕುಗ್ಗಿದವರಾದರೆ ಅವರಿಗೂ ಕೊಡುತ್ತೇನೆ. ಬಸುರಿ ಎಂಬ ಕಾರಣಕ್ಕೆ ಬಿಡುವುದಿಲ್ಲ. “ನಾಯಿನ ಹತ್ತು ದಿನ ಕಟ್ಟಾಕಿ ನೋಡಾಣ ಮೇಡಂ” ಎನ್ನುವವರಿಗೆ, ನೋಡಿ, ಆದರೆ ಚಿಕಿತ್ಸೆ ಇವತ್ತೇ ಶುರು ಎನ್ನುತ್ತೇನೆ.

ಲೆಕ್ಕದಲ್ಲಿ ಎಲ್ಲರೂ ಎಡವುವ ಜಾಗ ಬೇರೆ ಇದೆ. ಕುದುರೆಯಿಂದ ಬಂದ ಇಮ್ಯುನೋಗ್ಲೋಬ್ಯುಲಿನ್ ರೋಗಿಯ ತೂಕದ ಕೆಜಿಗೆ 40 ಐಯು (ಔಷಧಿಯ ಶಕ್ತಿ ಅಳೆಯುವ ಅಂತರರಾಷ್ಟ್ರೀಯ ಮಾನ). ಮನುಷ್ಯರಿಂದ ಬಂದದ್ದು ಕೆಜಿಗೆ 20. ನಮ್ಮಲ್ಲಿ ಸಾಮಾನ್ಯವಾಗಿ ಬರುವ ಕುದುರೆಯದರಲ್ಲಿ ಒಂದು ಮಿಲಿಗೆ 300 ಐಯು, ಮನುಷ್ಯರದರಲ್ಲಿ 150. ಹಾಗಾಗಿ 14 ಕೆಜಿಯ ಮಗುವಿಗೆ ಒಂದರಲ್ಲಿ 560 ಐಯು, ಇನ್ನೊಂದರಲ್ಲಿ 280 ಆದರೂ, ಸಿರಿಂಜಿನಲ್ಲಿ ಎಳೆಯುವುದು ಎರಡರಲ್ಲೂ ಸುಮಾರು 1.9 ಮಿಲಿಯೇ. ಇದರಿಂದ ಕೈಗೆ ಒಂದು ರೂಢಿ ಬಿದ್ದುಬಿಡುತ್ತದೆ: ಮಿಲಿ ನೋಡು, ಎಳೆ, ಚುಚ್ಚು. ಮೊನೊಕ್ಲೋನಲ್ ಬಂದ ಮೇಲೆ ಈ ರೂಢಿ ಅಪಾಯವಾಯಿತು.

ಪ್ರಾಣಿಯ ಅಥವಾ ಜನರ ರಕ್ತದಿಂದ ತೆಗೆದದ್ದರಲ್ಲಿ ನೂರಾರು ಬಗೆಯ ಪ್ರತಿಕಾಯ ಬೆರೆತಿರುತ್ತವೆ. ಮೊನೊಕ್ಲೋನಲ್ ಅಂದರೆ ಒಂದೇ ಜೀವಕೋಶದ ಸಂತತಿಯನ್ನು ಕಾರ್ಖಾನೆಯಲ್ಲಿ ಬೆಳೆಸಿ ತೆಗೆದ ಒಂದೇ ಬಗೆಯ ಪ್ರತಿಕಾಯ. ವೈರಸ್ಸಿನ ಒಂದೇ ಗುರುತಿಗೆ ಅಂಟಿಕೊಳ್ಳುತ್ತದೆ. ಪುಣೆಯ ಸೀರಮ್ ಇನ್‌ಸ್ಟಿಟ್ಯೂಟಿನ ರೇಬಿಶೀಲ್ಡ್ ಈ ಜಾತಿಯದು; ಅದರ ಪ್ರಮಾಣ ಕೆಜಿಗೆ 3.33 ಐಯು. ಜೈಡಸ್ ಕಂಪನಿಯ ಟ್ವಿನ್‌ರಾಬ್‌ನಲ್ಲಿ ಡೋಕಾರಾವಿಮ್ಯಾಬ್, ಮಿರೋಮಾವಿಮ್ಯಾಬ್ ಎಂಬ ಎರಡು ಪ್ರತಿಕಾಯಗಳ ಜೋಡಿ. ಅದು ಕೆಜಿಗೆ 40. ಎರಡನ್ನೂ ಚೀಟಿಯಲ್ಲಿ ‘ಮೊನೊಕ್ಲೋನಲ್’ ಎಂದೇ ಬರೆಯುತ್ತಾರೆ, ನಡುವಿನ ವ್ಯತ್ಯಾಸ ಹನ್ನೆರಡು ಪಟ್ಟು. ಅದಕ್ಕೇ ನಮ್ಮ ವಾರ್ಡಿನಲ್ಲಿ ನಾನು ಇಟ್ಟ ನಿಯಮ: ‘ಇಮ್ಯುನೋಗ್ಲೋಬ್ಯುಲಿನ್’ ಅಂತ ಒಂಟಿ ಪದ ಬರೆದ ಆರ್ಡರ್ ಸಿಸ್ಟರ್ ತೆಗೆದುಕೊಳ್ಳುವಂತಿಲ್ಲ. ಯಾವ ರೋಗದ್ದು, ಯಾವುದರಿಂದ ಬಂದದ್ದು, ಬ್ರಾಂಡ್, ತೂಕ, ಐಯು, ಮಿಲಿ, ಯಾವ ಗಾಯಕ್ಕೆ ಎಷ್ಟು. ಹೊಸ ಡ್ಯೂಟಿ ಡಾಕ್ಟರುಗಳು ಮುಖ ಸಿಂಡರಿಸುತ್ತಾರೆ. ಸಿಂಡರಿಸಲಿ.

(ಹೆಸರಿನ ಕೊನೆಗೆ ‘ಮ್ಯಾಬ್’ ಕಂಡರೆ ಮೊನೊಕ್ಲೋನಲ್ ಎಂದು ನಾವೆಲ್ಲ ಓದಿ ಬಂದವರು. 2021ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಹೊಸ ಔಷಧಿಗಳಿಗೆ ಆ ಬಾಲ ಬಿಡಿಸಿ, ‘ಟಗ್’, ‘ಬಾರ್ಟ್’, ‘ಮಿಗ್’, ‘ಮೆಂಟ್’ ಎಂದು ನಾಲ್ಕು ಮಾಡಿತು. ಹಳೆಯ ಹೆಸರುಗಳು ಹಾಗೇ ಇವೆ. ಇನ್ನು ಮೇಲೆ ಬಾಲ ನೋಡಿ ಜಾತಿ ಹೇಳುವುದೂ ಅಷ್ಟು ಸುಲಭವಲ್ಲ.)

ಕುದುರೆಯದು ಕೊಡುವಾಗ, ತೀವ್ರ ಅಲರ್ಜಿ ಆದರೆ ತಕ್ಷಣ ಕೊಡಲು ಅಡ್ರಿನಲಿನ್ ಪಕ್ಕದಲ್ಲೇ, ಲೋಡ್ ಮಾಡಿ ಇಟ್ಟಿರಬೇಕು. ಚರ್ಮದ ಪರೀಕ್ಷೆ ಮಾಡಿದರೆ ಯಾರಿಗೆ ಅಲರ್ಜಿ ಬರುತ್ತದೆ ಎಂದು ಗೊತ್ತಾಗುವುದಿಲ್ಲ, ಅದು ಬೇಡ ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳಿದೆ. ಕೆಲವು ಕಂಪನಿಗಳ ಪೆಟ್ಟಿಗೆಯೊಳಗಿನ ಹಾಳೆಯಲ್ಲಿ ಮಾಡಿ ಎಂದೇ ಇರುತ್ತದೆ. ಪರೀಕ್ಷೆ ನೆಗೆಟಿವ್ ಬಂತೆಂದು ಅಡ್ರಿನಲಿನ್ ಟ್ರೇ ಒಳಗಿಡುವವರನ್ನು ಕಂಡರೆ ಮಾತ್ರ ನನಗೆ ಭಯ.

ಇನ್ನು ತುಂಬುವುದು. ವಯಲ್ ಫ್ರಿಜ್‌ನಿಂದ ತೆಗೆದು ತಣ್ಣಗೆ ಇರುವಾಗಲೇ ಚುಚ್ಚಿದರೆ ಉರಿ ಜಾಸ್ತಿ, ಕೋಣೆಯ ಬಿಸಿಗೆ ಬರಲಿ ಎಂದು ಕಾಯುತ್ತೇನೆ. 26ನೇ ನಂಬರಿನ ಸಣ್ಣ ಸೂಜಿ. ಗಾಯದ ಅಂಚಿನಿಂದ ಒಳಗೆ, ತಳಕ್ಕೆ, ಸುತ್ತಲೂ. ಹಲ್ಲಿನ ತೂತು ಮೇಲೆ ಚಿಕ್ಕದು ಕಂಡರೂ ಆಳ ಇರುತ್ತದೆ, ಆಳಕ್ಕೇ ಹೋಗಬೇಕು. ಒಂದೂ ಗಾಯ ಬಿಡಬಾರದು. ತೋಟದಲ್ಲಿ ನಾಯಿಗಳ ಹಿಂಡಿಗೆ ಸಿಕ್ಕಿ ಕೈಕಾಲೆಲ್ಲ ಹರಿದುಕೊಂಡು ಬಂದ ಮಕ್ಕಳಿಗೆ ತೂಕದ ಲೆಕ್ಕದ ಔಷಧಿ ಎಲ್ಲ ಗಾಯಕ್ಕೂ ಸಾಲುವುದಿಲ್ಲ. ಆಗ ನಾರ್ಮಲ್ ಸಲೈನ್ ಬೆರೆಸಿ ಎರಡು ಮೂರು ಪಟ್ಟು ಮಾಡಿಕೊಳ್ಳುತ್ತೇನೆ. ಲೆಕ್ಕ ಮೀರಿ ಔಷಧಿ ಸೇರಿಸುವುದು ತಪ್ಪು. ಹೊರಗಿನ ಪ್ರತಿಕಾಯ ಅತಿಯಾದರೆ ವ್ಯಾಕ್ಸಿನ್ ತನ್ನ ಕೆಲಸ ಮಾಡಲು ಬಿಡುವುದಿಲ್ಲ. ಬೆರಳ ತುದಿ ಬಲು ಕಷ್ಟದ ಜಾಗ. ಚರ್ಮ ಬಿಳಿಚಿಕೊಂಡು ಬಿಗಿದರೆ ಅಲ್ಲಿಗೆ ನಿಲ್ಲಿಸುತ್ತೇನೆ, ಒತ್ತಡಕ್ಕೆ ರಕ್ತ ಓಡಾಟ ನಿಂತು ಬೆರಳಿಗೇ ಕುತ್ತು ಬರಬಹುದು. ವ್ಯಾಕ್ಸಿನ್‌ಗೆ ಬೇರೆ ಸಿರಿಂಜು, ಬೇರೆ ಜಾಗ.

ಮಿಕ್ಕಿದ್ದನ್ನು ಏನು ಮಾಡುವುದು? ನಾನು ಓದುವಾಗ ಕಲಿತದ್ದು, ತೊಡೆಗೆ ಹಾಕು ಎಂದು. 2018ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಇದನ್ನು ಬದಲಿಸಿತು: ಗಾಯಕ್ಕೆ ಹಿಡಿಯುವಷ್ಟು ಹಾಕಿ, ದೂರದ ಸ್ನಾಯುವಿಗೆ ಹಾಕಿದ್ದರಿಂದ ಹೇಳಿಕೊಳ್ಳುವಂಥ ಲಾಭವಿಲ್ಲ, ಉಳಿದದ್ದನ್ನು ಶುಚಿಯಾಗಿ ಬೇರೆ ರೋಗಿಗೆ ಬಳಸಿ. ಸಣ್ಣ ಗಾಯಕ್ಕೆ ಅರ್ಧ ಮಿಲಿ ಸಾಕಾದಾಗ ಅದೇ ದಿನ ಬಂದ ಮುಂದಿನವರಿಗೆ ಉಳಿದದ್ದು ಆಗುತ್ತದೆ. ಸ್ಟಾಕ್ ಯಾವಾಗಲೂ ಎಳೆದಾಡುವ ಸರ್ಕಾರಿ ಆಸ್ಪತ್ರೆಗೆ ಇದಕ್ಕಿಂತ ಒಳ್ಳೆಯ ಸುದ್ದಿ ಬಂದಿರಲಿಲ್ಲ.

ತಡವಾಗಿ ಬಂದವರ ವಿಷಯದಲ್ಲೂ ಪದದ ಅರ್ಥ ಗೊತ್ತಿದ್ದರೆ ಉತ್ತರ ತಾನೇ ಸಿಗುತ್ತದೆ. ಮೊದಲ ವ್ಯಾಕ್ಸಿನ್ ಬಿದ್ದು ಏಳು ದಿನ ದಾಟಿದ್ದರೆ ಇಮ್ಯುನೋಗ್ಲೋಬ್ಯುಲಿನ್ ಕೊಡುವುದಿಲ್ಲ, ಮೈ ತನ್ನದನ್ನು ತಯಾರಿಸಲು ಶುರುಮಾಡಿರುತ್ತದೆ. ಆದರೆ ಕಚ್ಚಿ ತಿಂಗಳಾಗಿ, ನಾಟಿ ಔಷಧಿ ಮಾಡಿಸಿ, ಒಂದೂ ವ್ಯಾಕ್ಸಿನ್ ಇಲ್ಲದೆ ಬಂದವರಿಗೆ ಇವತ್ತು ಕಚ್ಚಿದಂತೆಯೇ ಎಲ್ಲವನ್ನೂ ಕೊಡುತ್ತೇನೆ. ಏಳು ದಿನ ಎಣಿಸುವುದು ವ್ಯಾಕ್ಸಿನ್‌ನಿಂದ, ಕಡಿತದಿಂದಲ್ಲ. ಇದನ್ನು ತಿರುಗಾಮುರುಗಾ ಮಾಡಿ ರೋಗಿಯನ್ನು ವಾಪಸ್ ಕಳಿಸಿದ್ದನ್ನು ಕಂಡಿದ್ದೇನೆ.

ಹೊಕ್ಕಳ ಸುತ್ತ ಹದಿನಾಲ್ಕು ಇಂಜೆಕ್ಷನ್ನಿನ ಹೆದರಿಕೆ ಇನ್ನೂ ಹೋಗಿಲ್ಲ. ಕುರಿಯ ಮೆದುಳಿನಿಂದ ಮಾಡುತ್ತಿದ್ದ ಆ ವ್ಯಾಕ್ಸಿನ್ ತಯಾರಿಕೆ ನಮ್ಮ ದೇಶದಲ್ಲಿ 2004ರ ಕೊನೆಗೇ ನಿಂತಿತು. ಈಗ ಚರ್ಮದೊಳಗೆ 0.1 ಮಿಲಿಯಂತೆ ಎರಡು ಕಡೆ, ನಾಲ್ಕು ಬಾರಿ: ಇವತ್ತು, ಮೂರನೇ, ಏಳನೇ, ಇಪ್ಪತ್ತೆಂಟನೇ ದಿನ. ಇಮ್ಯುನೋಗ್ಲೋಬ್ಯುಲಿನ್ ಮೊದಲ ದಿನ ಒಮ್ಮೆ ಮಾತ್ರ.

ಮನೆಗೆ ಕಳಿಸುವ ಮುನ್ನ ಅರ್ಧ ಗಂಟೆಯಾದರೂ ಕೂರಿಸುತ್ತೇನೆ. ಕುದುರೆಯದು ಪಡೆದವರಿಗೆ, ವಾರ ಹತ್ತು ದಿನದಲ್ಲಿ ಮೈ ತುರಿಕೆ, ಕೀಲುನೋವು, ಜ್ವರ ಬಂದರೆ ಹೆದರದೆ ಬನ್ನಿ, ಆದರೆ ವ್ಯಾಕ್ಸಿನ್ ನಿಲ್ಲಿಸಬೇಡಿ ಎಂದು ಹೇಳುತ್ತೇನೆ. ಕಾರ್ಡಿನ ಮೇಲೆ ತಾರೀಖು, ಬ್ರಾಂಡು, ಐಯು ಬರೆದು, ಇದನ್ನು ರೇಷನ್ ಕಾರ್ಡ್ ಜೊತೆ ಇಡಿ ಎನ್ನುತ್ತೇನೆ. ನಾಲ್ಕೂ ಡೋಸ್ ಮುಗಿಸಿದವರನ್ನು ಮತ್ತೆ ನಾಯಿ ಕಚ್ಚಿದರೆ ಗಾಯ ತೊಳೆಯುವುದು, ಎರಡು ಬೂಸ್ಟರ್, ಇವತ್ತು ಮತ್ತು ಮೂರನೇ ದಿನ, ಅಷ್ಟೇ. ಇಮ್ಯುನೋಗ್ಲೋಬ್ಯುಲಿನ್ ಬೇಕಿಲ್ಲ. ಕಾರ್ಡ್ ತರದೆ ಬಂದವರು ಡೋಸ್ ಮುಗಿಸಿದ್ದಾರೆಂದು ನಂಬಲು ನನಗೆ ದಾರಿಯಿಲ್ಲ, ಮತ್ತೆ ಗಾಯಕ್ಕೆ ಚುಚ್ಚಬೇಕಾಗುತ್ತದೆ. ಒಮ್ಮೆ ಅನುಭವಿಸಿದವರು ಎರಡನೇ ಸಲ ಕಾರ್ಡ್ ಮರೆತು ಬಂದದ್ದು ಕಡಿಮೆ.