ಚಿತ್ರಕ್ಕೆ ಸೇರದ ಮಾತುಗಳು: ನನ್ನ ಅನುಭವ

ನನ್ನ ಮೊದಲ ಸಾಕ್ಷ್ಯಚಿತ್ರ ಒಂದು ಹಳೆಯ ಮುಷ್ಕರವನ್ನು ಕುರಿತದ್ದು. ಚಿತ್ರದ ಉದ್ದ 52 ನಿಮಿಷ. ಅದಕ್ಕಾಗಿ ದಾಖಲಿಸಿದ ಮಾತುಕತೆ ಸುಮಾರು 40 ಗಂಟೆ. ಉಳಿದದ್ದನ್ನು ಮಿಕ್ಕ ಸಾಮಗ್ರಿಯೆಂದು ಬಗೆದು ಒಂದೇ ಹಾರ್ಡ್ ಡಿಸ್ಕಿನಲ್ಲಿ ತುಂಬಿಸಿಟ್ಟೆ. ಕೆಲವು ವರ್ಷಗಳ ಬಳಿಕ ಆ ಡಿಸ್ಕು ಕೆಟ್ಟಿತು. ಅಷ್ಟರೊಳಗೆ ಮಾತನಾಡಿದವರಲ್ಲಿ ಮೂವರು ತೀರಿಕೊಂಡಿದ್ದರು. ಆ ನೋವು ಇನ್ನೂ ಇದೆ. ಅಂದಿನಿಂದ ಪೂರ್ಣ ಸಂದರ್ಶನವೇ ನನಗೆ ಮೂಲ ಕೃತಿ, ಚಿತ್ರವೆಂಬುದು ಅದರಿಂದ ಆಯ್ದ ಒಂದು ಭಾಗ ಮಾತ್ರ.

ಮೊದಮೊದಲು ನಾನು ‘ಚಳವಳಿ ಏಕೆ ಆರಂಭವಾಯಿತು?’ ಎಂದು ಕೇಳುತ್ತಿದ್ದೆ, ಉತ್ತರವಾಗಿ ವೇದಿಕೆಯ ಭಾಷಣಗಳೇ ಮರಳಿ ಬರುತ್ತಿದ್ದವು. ‘ಆ ದಿನ ಬೆಳಿಗ್ಗೆ ಮಕ್ಕಳನ್ನು ಯಾರ ಬಳಿ ಬಿಟ್ಟು ಹೊರಟಿರಿ?’ ಎಂದು ಕೇಳತೊಡಗಿದ ಮೇಲೆ, ನೆರೆಯವರ ನೆರವು, ಮನೆಯವರ ವಿರೋಧ, ಮುರಿದ ಸಂಬಂಧಗಳು ಒಂದೊಂದಾಗಿ ಹೊರಬಂದವು. ಉತ್ತರ ಮುಗಿದಂತೆ ಕಂಡರೂ ಸ್ವಲ್ಪ ಹೊತ್ತು ಸುಮ್ಮನಿರುತ್ತೇನೆ. ಬಹಳ ಸಲ ಮುಖ್ಯವಾದ ಮಾತು ಆ ಮೌನದ ನಂತರವೇ ಬಂದಿದೆ.

ತಪ್ಪಾಗಿ ನೆನಪಿಟ್ಟ ಇಸವಿಗಳನ್ನು ಆಗೆಲ್ಲ ಕತ್ತರಿಸಿ ಹಾಕುತ್ತಿದ್ದೆ. ಇಟಲಿಯ ತೆರ್ನಿ ನಗರದ ಉಕ್ಕಿನ ಕಾರ್ಮಿಕರ ನೆನಪುಗಳನ್ನು ಸಂಗ್ರಹಿಸಿದ ಅಲೆಸ್ಸಾಂಡ್ರೊ ಪೋರ್ತೆಲ್ಲಿ ಅವರ ಅಧ್ಯಯನ ನನ್ನ ಕಣ್ಣು ತೆರೆಸಿತು. ಲುಯಿಜಿ ತ್ರಸ್ತುಲ್ಲಿ ಎಂಬ ಯುವ ಕಾರ್ಮಿಕ 1949ರಲ್ಲಿ, ಇಟಲಿ ನೇಟೊ ಸೇರುವುದನ್ನು ವಿರೋಧಿಸಿ ನಡೆದ ಪ್ರದರ್ಶನದಲ್ಲಿ ಪೊಲೀಸರಿಂದ ಹತನಾದ. ಆದರೆ ಹಲವರ ನೆನಪಿನಲ್ಲಿ ಆ ಸಾವು 1953ರ ಸಾಮೂಹಿಕ ವಜಾದ ವಿರುದ್ಧದ ಹೋರಾಟಕ್ಕೆ ಸರಿದಿತ್ತು. ಕೆಲಸ ಕಳೆದುಕೊಂಡ ಸಂಕಟಕ್ಕೂ ಆ ಸಾವಿಗೂ ಜನ ತಾವೇ ಬೆಸೆದ ನಂಟನ್ನು ಈ ತಪ್ಪು ತೋರಿಸುತ್ತದೆ. ಈಗ ನಾನು ಅಂಥ ಮಾತನ್ನು ಹಾಗೆಯೇ ಉಳಿಸಿ, ದಾಖಲೆಯಲ್ಲಿರುವ ದಿನಾಂಕವನ್ನು ಪಕ್ಕದ ಟಿಪ್ಪಣಿಯಲ್ಲಿ ಬರೆಯುತ್ತೇನೆ.

ಧ್ವನಿಯನ್ನು 48 ಕಿಲೋಹರ್ಟ್ಸ್, 24 ಬಿಟ್‌ನ ಸಂಕುಚಿಸದ ವೇವ್ ಕಡತವಾಗಿ ದಾಖಲಿಸುತ್ತೇನೆ. ಮೂರು ಪ್ರತಿಗಳು, ಎರಡು ಬಗೆಯ ಮಾಧ್ಯಮ, ಒಂದು ಪ್ರತಿ ಬೇರೊಂದು ಸ್ಥಳದಲ್ಲಿ. ವರ್ಷಕ್ಕೊಮ್ಮೆ ಚೆಕ್‌ಸಮ್ ಪರೀಕ್ಷೆ, ಅಂದರೆ ಕಡತ ಕೆಟ್ಟಿಲ್ಲ, ಬದಲಾಗಿಲ್ಲ ಎಂದು ಲೆಕ್ಕ ಹಾಕಿ ನೋಡುವ ಕ್ರಮ. ಮಾತುಗಳನ್ನು ಬರಹಕ್ಕೂ ಇಳಿಸುತ್ತೇನೆ, ಆದರೆ ಆ ಬರಹ ಧ್ವನಿಗೆ ಬದಲಿಯಲ್ಲ. ಅಮೆರಿಕದ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ 1948ರಲ್ಲಿ ಆರಂಭವಾದ ಮೌಖಿಕ ಇತಿಹಾಸ ಯೋಜನೆಯ ಮೊದಲ ವರ್ಷಗಳಲ್ಲಿ ಬರಹವನ್ನು ಉಳಿಸಿಕೊಂಡು ಟೇಪುಗಳನ್ನು ಅಳಿಸಿ ಮತ್ತೆ ಬಳಸುತ್ತಿದ್ದರು. ಆ ದನಿಗಳ ನಡುಕ, ತಡವರಿಕೆ ಈಗ ಯಾರಿಗೂ ಸಿಗಲಾರವು.

ಒಪ್ಪಿಗೆಯನ್ನು ಎರಡು ಸಲ ಕೇಳುತ್ತೇನೆ: ದಾಖಲಿಸುವ ಮುನ್ನ ಒಮ್ಮೆ, ಇಡೀ ಸಂದರ್ಶನವನ್ನು ಅವರಿಗೇ ಕೇಳಿಸಿದ ಮೇಲೆ ಇನ್ನೊಮ್ಮೆ. ಹೀಗೆ ಕೇಳಿಸಿದಾಗ ಹಿರಿಯ ಮಹಿಳೆಯೊಬ್ಬರು, ಬಹಿಷ್ಕಾರದ ದಿನಗಳಲ್ಲಿ ಸ್ವಂತ ಅಣ್ಣ ನಡೆದುಕೊಂಡ ರೀತಿಯನ್ನು ವಿವರಿಸಿದ್ದ 11 ನಿಮಿಷಗಳನ್ನು, ಅವರಿಬ್ಬರೂ ಬದುಕಿರುವವರೆಗೆ ಯಾರಿಗೂ ಕೇಳಿಸಬಾರದೆಂದರು. ನನ್ನ ಚಿತ್ರದ ನಡುಭಾಗ ನಿಂತಿದ್ದದ್ದೇ ಆ ನಿಮಿಷಗಳ ಮೇಲೆ. ಅವನ್ನು ತೆಗೆದು, ಆ ಭಾಗವನ್ನು ಹೊಸದಾಗಿ ಕಟ್ಟಲು ನಾಲ್ಕು ತಿಂಗಳು ಹಿಡಿಯಿತು. ಅವರ ಷರತ್ತನ್ನು ಬರೆದಿಟ್ಟ ಹಾಳೆಯೊಂದಿಗೆ ಆ ಕಡತ ಮೂರೂ ಪ್ರತಿಗಳಲ್ಲಿ ಭದ್ರವಾಗಿದೆ.