ಕೋಟಾ ಕೈಬಿಟ್ಟ ಮೇಲೆ ಹಿಂಬರಹ ಹಿಡಿದ ನನ್ನ ಅನುಭವ

ತಾಲ್ಲೂಕಿನಲ್ಲಿ ಎಂ.ಆರ್.ಡಬ್ಲ್ಯು. (ವಿವಿಧೋದ್ದೇಶ ಪುನರ್ವಸತಿ ಕಾರ್ಯಕರ್ತ) ಆಗಿರುವ ನನಗೆ ಮೇ ಮತ್ತು ಜೂನ್ ತಿಂಗಳುಗಳು ವಿಕಲಚೇತನ ಮಕ್ಕಳ ದಾಖಲಾತಿಯ ಓಡಾಟದಲ್ಲೇ ಕಳೆಯುತ್ತವೆ. ಆರ್‌ಟಿಇ (ಶಿಕ್ಷಣ ಹಕ್ಕು) ಕಾಯ್ದೆಗೆ 2012ರಲ್ಲಿ ಬಂದ ತಿದ್ದುಪಡಿ ಈ ಮಕ್ಕಳನ್ನು ಅವಕಾಶವಂಚಿತ ಗುಂಪಿಗೆ ಸೇರಿಸಿದ ಮೇಲೆ ಕೆಲವು ವರ್ಷ ಖಾಸಗಿ ಶಾಲೆಗಳು ಉಚಿತವಾಗಿ ಕೊಡಬೇಕಿದ್ದ ಶೇ. 25ರ ಸೀಟುಗಳಿಗೆ ಅರ್ಜಿ ಹಾಕಿ ಲಾಟರಿಗೆ ಕಾಯುವುದೇ ನಮ್ಮ ದಾರಿಯಾಗಿತ್ತು. ನೆರೆಹೊರೆಯಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಖಾಸಗಿ ಶಾಲೆಗೆ ಆ ಹೊಣೆ ಇಲ್ಲವೆಂದು ರಾಜ್ಯದ ನಿಯಮ ಬದಲಾಗಿ, 2019ರಲ್ಲಿ ಹೈಕೋರ್ಟ್ ಅದನ್ನು ಎತ್ತಿಹಿಡಿದ ಮೇಲೆ ನಮ್ಮಲ್ಲಿ ಆ ಸೀಟುಗಳು ಬೆರಳೆಣಿಕೆಗೆ ಇಳಿದವು. ಇನ್ನು ಈ ಮಕ್ಕಳಿಗೆ ವಿಶೇಷ ಶಾಲೆಯೇ ಗತಿ ಎಂದು ಜೊತೆಯ ಕಾರ್ಯಕರ್ತರೇ ಹೇಳಿದರು. ಅದಾದ ನಂತರ ಕೋಟಾದ ಹಂಗಿಲ್ಲದೆ ಸುಮಾರು ನಲವತ್ತು ಮಕ್ಕಳನ್ನು ಸಾಮಾನ್ಯ ಶಾಲೆಗೆ ಸೇರಿಸಿದ್ದೇನೆ; ಅಂದು ಹಾಗೆ ಹೇಳಿದವರಲ್ಲಿ ಇಬ್ಬರು ಈಗ ನನ್ನ ಅರ್ಜಿಯ ನಮೂನೆಯನ್ನು ಕೇಳಿ ಪಡೆಯುತ್ತಾರೆ.

ಆರಂಭದಲ್ಲಿ ಮುಖ್ಯ ಶಿಕ್ಷಕರಿಗೆ ಕೈಮುಗಿದು ಕೇಳುವುದು, ಸ್ಥಳೀಯ ಮುಖಂಡರಿಂದ ಫೋನು ಮಾಡಿಸುವುದು ಎಲ್ಲವೂ ನಡೆದವು. ಫೋನಿನಿಂದ ಸೇರಿದ ಮಕ್ಕಳು ದಸರಾ ರಜೆಯ ಹೊತ್ತಿಗೆ ಮನೆಗೆ ಮರಳಿದರು, ಏಕೆಂದರೆ ಉಪಕಾರವೆಂದು ಸೇರಿಸಿಕೊಂಡ ಶಾಲೆ ಉಪಕಾರ ಸಾಕಾದೊಡನೆ ಕಳುಹಿಸಿಬಿಡುತ್ತದೆ. ಇಮೇಲ್‌ಗೆ ಉತ್ತರವೇ ಬರಲಿಲ್ಲ. ನಿರಾಕರಣೆಯೆಲ್ಲ ಬಾಯಿಮಾತಿನಲ್ಲಿದೆ, ಕಾಗದದ ಮೇಲೆ ಒಂದಕ್ಷರವೂ ಇಲ್ಲ ಎಂಬುದು ಹೊಳೆದಾಗ ಕೆಲಸದ ರೀತಿಯೇ ಬದಲಾಯಿತು. ಈಗ ಪೋಷಕರು ಎರಡು ಪ್ರತಿಗಳಲ್ಲಿ ಅರ್ಜಿ ಬರೆದು, ಒಂದಕ್ಕೆ ಶಾಲೆಯ ಮೊಹರು ಹಾಕಿಸಿಕೊಳ್ಳುತ್ತಾರೆ. ಮೊಹರು ಸಿಗದಿದ್ದರೆ ಅದೇ ದಿನ ಸ್ಪೀಡ್ ಪೋಸ್ಟ್ ಮಾಡುತ್ತಾರೆ. ಅರ್ಜಿಯ ಕೊನೆಯಲ್ಲಿ ಒಂದೇ ಕೋರಿಕೆ ಇರುತ್ತದೆ: ಸೇರಿಸಿಕೊಳ್ಳಿ, ಇಲ್ಲವಾದರೆ ಕಾರಣ ತಿಳಿಸಿ ಹಿಂಬರಹ (ಲಿಖಿತ ಉತ್ತರ) ನೀಡಿ. ವಿಕಲಚೇತನನೆಂಬ ಕಾರಣವನ್ನು ಸಹಿ ಹಾಕಿ ಬರೆದುಕೊಡಲು ಯಾವ ಮುಖ್ಯ ಶಿಕ್ಷಕರೂ ಮುಂದಾಗುವುದಿಲ್ಲ.

ಅರ್ಜಿಯಲ್ಲಿ ನಾನು ಶೇ. 25ರ ಸೀಟಿನ ಆರ್‌ಟಿಇ 12ನೇ ಪ್ರಕರಣವನ್ನು ಬಿಟ್ಟು, 2016ರ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಕಾಯ್ದೆಯ 16ನೇ ಪ್ರಕರಣವನ್ನು ಮುಂದಿಡುತ್ತೇನೆ. ಸರ್ಕಾರದ ಅನುದಾನ ಅಥವಾ ಮಾನ್ಯತೆ ಪಡೆದ ಶಾಲೆಗಳು ತಾರತಮ್ಯವಿಲ್ಲದೆ ಸೇರಿಸಿಕೊಳ್ಳಬೇಕು ಎನ್ನುವ ಅದು ಶೇ. 40ರ ವೈಕಲ್ಯ ಪ್ರಮಾಣವನ್ನು ಕೇಳುವುದಿಲ್ಲ, ಶೇ. 30ರ ಆಸುಪಾಸಿನ ಪ್ರಮಾಣಪತ್ರ ಹಿಡಿದು ನಿರಾಶರಾದವರಿಗೆ ಇದೇ ಆಸರೆ. ಉಚಿತ ಶಿಕ್ಷಣ ಕೇಳುವ 31ನೇ ಪ್ರಕರಣಕ್ಕೆ ಮಾತ್ರ ಆ ಪ್ರಮಾಣ ಬೇಕು. ಮಗುವನ್ನು ಪರೀಕ್ಷಿಸಿ ನೋಡೋಣ ಎಂದವರಿಗೆ ಅಂಥ ಪರೀಕ್ಷೆಯನ್ನು ನಿಷೇಧಿಸುವ ಆರ್‌ಟಿಇ 13ನೇ ಪ್ರಕರಣವನ್ನು ತೋರಿಸಿದರೆ ಸಾಕು, ಮೊದಲ ಬಾರಿಗೆ 25,000 ರೂಪಾಯಿವರೆಗಿನ ದಂಡವೆಂಬ ಮಾತು ತಾನೇ ಕೆಲಸ ಮಾಡುತ್ತದೆ. ಗೃಹಾಧಾರಿತ ಶಿಕ್ಷಣ ಕೊಡಿಸಿ ಎಂದು ಸಾಗಹಾಕುವವರೂ ಇದ್ದಾರೆ. ತೀವ್ರ ಅಥವಾ ಬಹುವಿಧ ವೈಕಲ್ಯವಿರುವ ಮಗುವಿಗೆ ಕಾನೂನು ಅದನ್ನು ಆಯ್ಕೆಯಾಗಿ ಕೊಟ್ಟಿದೆಯೇ ಹೊರತು ಶಾಲೆಗೆ ನೆಪವಾಗಿ ಕೊಟ್ಟಿಲ್ಲ. ಅರ್ಜಿಯ ಪ್ರತಿಯನ್ನು ಯಾರ್ಯಾರಿಗೆ, ಯಾವ ಕ್ರಮದಲ್ಲಿ ಕಳುಹಿಸುತ್ತೇನೆ ಎಂಬುದನ್ನು ಇಲ್ಲಿ ಬರೆಯಲಾರೆ; ಬರೆದರೆ ಮುಂದಿನ ಜೂನ್‌ನಲ್ಲಿ ಅದು ನಡೆಯದು.

ಹಣದ ವಿಷಯಕ್ಕೆ ಬಂದರೆ, ಅರ್ಜಿಗೆ ನೂರು ರೂಪಾಯಿಯೂ ತಗಲುವುದಿಲ್ಲ. ಖರ್ಚೆಲ್ಲ ವಿಕಲಚೇತನರ ವಿಶಿಷ್ಟ ಗುರುತಿನ ಚೀಟಿಯಾದ ಯುಡಿಐಡಿ ಕಾರ್ಡಿನ ಬೆನ್ನು ಹತ್ತಿದಾಗ: ಜಿಲ್ಲಾಸ್ಪತ್ರೆಗೆ ಮೂರ್ನಾಲ್ಕು ಬಾರಿ ಬಸ್ಸು, ಪೋಷಕರು ಕಳೆದುಕೊಳ್ಳುವ ಕೂಲಿ, ಶ್ರವಣ ಪರೀಕ್ಷೆಯನ್ನು ಹೊರಗೆ ಮಾಡಿಸಿದರೆ ಅದರ ಶುಲ್ಕ, ಎಲ್ಲ ಸೇರಿ ನಾಲ್ಕೈದು ಸಾವಿರ ದಾಟುತ್ತದೆ. ಖಾಸಗಿ ಶಾಲೆಯಲ್ಲಿ ಸೀಟು ಗೆದ್ದರೂ ಕೋಟಾ ಇಲ್ಲದ್ದರಿಂದ ಶುಲ್ಕ ಪೋಷಕರ ತಲೆಯ ಮೇಲೆಯೇ ಬೀಳುತ್ತದೆ. ಹಾಗೆ ಸೇರಿದ ಕೆಲವರು ಎರಡನೇ ವರ್ಷ ಬಿಟ್ಟರು. ಆದ್ದರಿಂದ ಈಗ ನನ್ನ ಮೊದಲ ಗುರಿ ಅನುದಾನಿತ ಶಾಲೆಗಳು. ಅನುದಾನದ ಪ್ರಮಾಣಕ್ಕೆ ತಕ್ಕಂತೆ, ಕನಿಷ್ಠ ಶೇ. 25 ಮಕ್ಕಳಿಗೆ ಉಚಿತ ಶಿಕ್ಷಣ ಕೊಡುವ ಹೊಣೆ ಅವಕ್ಕೆ ಇಂದಿಗೂ ಇದೆ, ಅದನ್ನು ಕೇಳುವವರು ಕಡಿಮೆ.

ನಡುವೆ ಒಂದು ಶಾಲೆಗೆ ದಾನಿಗಳಿಂದ ಸುಮಾರು ಹದಿನೆಂಟು ಸಾವಿರ ಎತ್ತಿ ರ‍್ಯಾಂಪ್ ಕಟ್ಟಿಸಿ ನೋಡಿದೆವು. ಇಳಿಜಾರು ಕಡಿದಾಗಿದ್ದರಿಂದ ಗಾಲಿಕುರ್ಚಿ ಹತ್ತಲಿಲ್ಲ, ಸೈಕಲ್ಲುಗಳು ಸಲೀಸಾಗಿ ಹತ್ತಿದವು. ಗಾಲಿಕುರ್ಚಿ ಬಳಸುವ ಮಗುವಿನ ತರಗತಿಯನ್ನು ಖರ್ಚಿಲ್ಲದೆ ಮೆಟ್ಟಿಲಿಲ್ಲದ ಕೊಠಡಿಗೆ ಬದಲಿಸಿದ್ದೇ ಫಲ ಕೊಟ್ಟಿತು.

ಈಗ ಒಂಬತ್ತನೇ ತರಗತಿಯ ಸಮಸ್ಯೆಯನ್ನು ಹಿಡಿದಿದ್ದೇನೆ. ಆರ್‌ಟಿಇ ಎಂಟನೇ ತರಗತಿಗೆ ನಿಲ್ಲುತ್ತದೆ, ಆದರೆ 2016ರ ಕಾಯ್ದೆಯ 31ನೇ ಪ್ರಕರಣ 18 ವರ್ಷದವರೆಗೆ ಸಾಗುತ್ತದೆ. ಇದರ ಆಧಾರದಲ್ಲಿ ಈ ಸಲ ಇಬ್ಬರ ಅರ್ಜಿ ಕೊಟ್ಟಿದ್ದೇವೆ. ಮೊಹರು ಬಿದ್ದಿದೆ, ಹಿಂಬರಹ ಇನ್ನೂ ಬಂದಿಲ್ಲ.