ಸಯೀದ್ ಜಾಫ್ರಿ ಅವರ ನಟನೆಯನ್ನು ನೋಡಿ ಕಲಿಯುವುದು ಹೇಗೆ

ಹೊರದೇಶದಲ್ಲಿದ್ದುಕೊಂಡು ನಾಟಕ, ಸಿನಿಮಾಗಳಲ್ಲಿ ಪೋಷಕ ಪಾತ್ರ ಮಾಡುವ ಆಸೆ ಇದೆಯಾ? ಹಾಗಿದ್ದರೆ ಮೊದಲು ಸಯೀದ್ ಜಾಫ್ರಿ ಅವರನ್ನು ನೋಡಿ, ಲಂಡನ್ನಿನಲ್ಲಿ ನೆಲೆಸಿ ಇಂಗ್ಲಿಷ್, ಹಿಂದಿ ಎರಡರಲ್ಲೂ ನಟಿಸಿದ ಭಾರತೀಯ ನಟ. ಅಲ್ಲಿನ ಕನ್ನಡ ಕೂಟದ ನಾಟಕಗಳಲ್ಲಿ ಬಣ್ಣ ಹಚ್ಚುವವರಿಗೂ ಇದನ್ನೇ ಹೇಳುತ್ತೇನೆ. ಅವರು ಮಾಡಿದ್ದು ನೂರಕ್ಕೂ ಹೆಚ್ಚು ಸಿನಿಮಾ. ಎಲ್ಲವನ್ನೂ ಹುಡುಕಿಕೊಂಡು ಹೋಗಬೇಡಿ, ಮೂರು ನಾಲ್ಕು ಸಾಕು. ಆದರೆ ನೋಡುವ ರೀತಿ ಬೇರೆ ಇರಬೇಕು.

ಒಂದು ದೃಶ್ಯ ಆರಿಸಿಕೊಳ್ಳಿ. ಮೊದಲ ಸಲ ಕಣ್ಣು ಮುಚ್ಚಿ ದನಿ ಮಾತ್ರ ಕೇಳಿ. ಎರಡನೇ ಸಲ ಸೌಂಡ್ ತೆಗೆದು ನೋಡಿ. ಮೂರನೇ ಸಲ, ಇದೇ ಮುಖ್ಯ, ಅವರು ಮಾತಾಡದೇ ಇರುವಾಗ ಮಾತ್ರ ಅವರನ್ನು ನೋಡಿ. ಎದುರಿನವರ ಮಾತು ನಡೆಯುತ್ತಿರುವಾಗ ಪಾತ್ರ ಏನು ಯೋಚಿಸುತ್ತಿದೆ ಅಂತ ಅಲ್ಲೇ ಗೊತ್ತಾಗುವುದು.

ಕಣ್ಣು ಮುಚ್ಚಿ ಕೇಳಿ ಅಂದಿದ್ದಕ್ಕೆ ಕಾರಣ ಇದೆ. ಅವರು ಹುಟ್ಟಿದ್ದು 1929ರಲ್ಲಿ, ಪಂಜಾಬಿನ ಮಲೇರ್‌ಕೋಟ್ಲಾದಲ್ಲಿ. ತಂದೆ ಡಾಕ್ಟರು, ಊರಿಂದೂರಿಗೆ ವರ್ಗ. ಹಾಗಾಗಿ ಅಲಿಗಢದ ಉರ್ದು, ಮಸ್ಸೂರಿ ಶಾಲೆಯ ಇಂಗ್ಲಿಷು, ಉತ್ತರ ಪ್ರದೇಶದ ಬೀದಿಗಳ ಮಾತು ಎಲ್ಲವೂ ಚಿಕ್ಕಂದಿನಲ್ಲೇ ಕಿವಿಗೆ ಬಿದ್ದವು. 1951ರ ಹೊತ್ತಿಗೆ ದೆಹಲಿಯ ಆಕಾಶವಾಣಿಯಲ್ಲಿ ಇಂಗ್ಲಿಷ್ ಉದ್ಘೋಷಕರಾಗಿದ್ದರು, ಯೂನಿಟಿ ಥಿಯೇಟರ್ ಅಂತ ತಂಡವನ್ನೂ ಕಟ್ಟಿದರು. ಆಮೇಲೆ ಫುಲ್‌ಬ್ರೈಟ್ ವಿದ್ಯಾರ್ಥಿವೇತನದಲ್ಲಿ ಅಮೆರಿಕ, ವಾಷಿಂಗ್ಟನ್ನಿನಲ್ಲಿ ನಾಟಕದ ಓದು, ನ್ಯೂಯಾರ್ಕಿನ ಬ್ರಾಡ್‌ವೇ ರಂಗಮಂಚ, ಅಲ್ಲಿಂದ ಲಂಡನ್. ಆಗ ಲಂಡನ್ನಿನಲ್ಲಿ ನಮ್ಮ ಕಡೆಯ ನಟರಿಗೆ ಒಳ್ಳೆ ಪಾತ್ರಗಳು ತುಂಬಾ ಕಡಿಮೆ. ಬಿಬಿಸಿ ವರ್ಲ್ಡ್ ಸರ್ವಿಸ್ ರೇಡಿಯೋ ಅವರ ಕೈ ಹಿಡಿಯಿತು. ರೇಡಿಯೋದಲ್ಲಿ ವೇಷ ಇಲ್ಲ, ಮುಖ ಇಲ್ಲ, ಪಾತ್ರದ ವಯಸ್ಸು, ಊರು, ಜಂಬ, ಭಯ ಎಲ್ಲವನ್ನೂ ಗಂಟಲಿನಿಂದಲೇ ತರಬೇಕು. ಕ್ಯಾಮೆರಾ ಕರೆಯದ ವರ್ಷಗಳಲ್ಲಿ ದನಿಯ ಕೆಲಸ ಬಿಡಬೇಡಿ ಅಂತ ನಾನು ಒತ್ತಿ ಹೇಳುವುದು ಇದಕ್ಕೇ.

ಈಗ ಸಿನಿಮಾಗೆ ಬನ್ನಿ. 1975ರ 'ದಿ ಮ್ಯಾನ್ ಹೂ ವುಡ್ ಬಿ ಕಿಂಗ್' ಮೊದಲು. ದೂರದ ನಾಡೊಂದರಲ್ಲಿ ರಾಜರಾಗಲು ಹೊರಟ ಬಿಳಿ ಸಿಪಾಯಿಗಳಾಗಿ ಒಂದು ಕಡೆ ಶಾನ್ ಕಾನರಿ, ಇನ್ನೊಂದು ಕಡೆ ಮೈಕೆಲ್ ಕೇನ್, ನಡುವೆ ದುಭಾಷಿ ಗೂರ್ಖಾ ಸಿಪಾಯಿ ಬಿಲ್ಲಿ ಫಿಶ್ ಆಗಿ ಸಯೀದ್. ಅವರಿಗೆ ಆಗಲೇ 46ರ ಆಸುಪಾಸು. ದುಭಾಷಿಯ ಪಾತ್ರ ಅಂದರೆ ಬೇರೆಯವರ ಮಾತನ್ನು ದಾಟಿಸುವುದಷ್ಟೇ, ಅಲ್ವಾ? ಇಲ್ಲಿ ಹಾಗಲ್ಲ. ಬಿಳಿ ಸಿಪಾಯಿಗಳ ಬಾಯಿಂದ ಕಲಿತ ಇಂಗ್ಲಿಷನ್ನು ಬಿಲ್ಲಿ ಎಷ್ಟು ಹೆಮ್ಮೆಯಿಂದ ಆಡುತ್ತಾನೆ ಅಂತ ಕೇಳಿ. ಕೊನೆಯಲ್ಲಿ ಅಲ್ಲಿನ ಜನ ತಿರುಗಿಬಿದ್ದಾಗ ತಪ್ಪಿಸಿಕೊಂಡು ಹೋಗಲು ಹೇಸರಗತ್ತೆ ಕೊಟ್ಟರೆ, ನಾನು ಕಾಲಾಳು, ಕುದುರೆ ದಂಡಿನವನಲ್ಲ ಅಂತ ಹೇಳಿ ಕುಕ್ರಿ, ಅಂದರೆ ಗೂರ್ಖರ ಬಾಗಿದ ಕತ್ತಿ, ಹಿಡಿದು ಒಬ್ಬನೇ ಗುಂಪಿನ ಮೇಲೆ ನುಗ್ಗುತ್ತಾನೆ. ಅಲ್ಲಿಯವರೆಗೆ ಆ ಹೆಮ್ಮೆಯನ್ನು ಕಿವಿಯಲ್ಲಿ ಕೂರಿಸದೇ ಹೋಗಿದ್ದರೆ ಈ ಸಾವು ನಮ್ಮನ್ನು ಮುಟ್ಟುತ್ತಲೇ ಇರಲಿಲ್ಲ.

ಎರಡನೆಯದು ಸತ್ಯಜಿತ್ ರೇ ಅವರ 'ಶತ್ರಂಜ್ ಕೆ ಖಿಲಾಡಿ', 1977. ಚದುರಂಗದ ಹುಚ್ಚು ಹಿಡಿದ ಲಖನೌದ ಮೀರ್ ಪಾತ್ರ. ಒಂದು ದಿನ ಮನೆಗೆ ಬಂದರೆ ಹೆಂಡತಿಯ ಕೋಣೆಯಲ್ಲಿ ಇನ್ನೊಬ್ಬ ಅಡಗಿದ್ದಾನೆ. ಸೈನಿಕರಿಗೆ ಹೆದರಿ ಅಡಗಿದ್ದು ಅಂತ ಇಬ್ಬರೂ ಕಥೆ ಕಟ್ಟುತ್ತಾರೆ, ಮೀರ್ ನಂಬುತ್ತಾನೆ. ಈ ದೃಶ್ಯದಲ್ಲಿ ದಡ್ಡನ ಹಾಗೆ ನಟಿಸುವುದು ತುಂಬಾ ಸುಲಭ. ಸಯೀದ್ ಆ ದಾರಿ ಹಿಡಿಯಲಿಲ್ಲ. ಮೂರನೇ ಸಲದ ನೋಟ ಇಲ್ಲಿ ಬೇಕೇ ಬೇಕು. ಈ ಪಾತ್ರಕ್ಕೆ ಫಿಲ್ಮ್‌ಫೇರ್ ಪೋಷಕ ನಟ ಪ್ರಶಸ್ತಿ ಬಂತು.

1982ರಿಂದ 84ರ ನಡುವಿನದನ್ನು ಬೇಗ ಮುಗಿಸಿ. 'ಗಾಂಧಿ'ಯಲ್ಲಿ ಸರ್ದಾರ್ ಪಟೇಲ್, ಟಿವಿಯ 'ದಿ ಜ್ಯುವೆಲ್ ಇನ್ ದಿ ಕ್ರೌನ್'ನಲ್ಲಿ ನವಾಬ, 'ಎ ಪ್ಯಾಸೇಜ್ ಟು ಇಂಡಿಯಾ'ದಲ್ಲಿ ವಕೀಲ ಹಮೀದುಲ್ಲಾ. ಈ ಕೊನೆಯದರ ಗುಹೆಗಳ ಭಾಗ ತೆಗೆದಿದ್ದು ನಮ್ಮ ರಾಮನಗರ, ಸಾವನದುರ್ಗದ ಬಂಡೆಗಳಲ್ಲಿ. ಬ್ರಿಟಿಷರಿಗೆ ಆಗ ತಮ್ಮ ಹಳೇ ರಾಜ್ಯಭಾರದ ಕಥೆಗಳ ಮೇಲೆ ಜಾಸ್ತಿ ಒಲವು, ನಮ್ಮ ನಟರಿಗೆ ಕೆಲಸ ಸಿಕ್ಕಿತು. ಆದರೆ ಸಿಕ್ಕಿದ್ದು ನವಾಬ, ವಕೀಲ, ನಾಯಕ, ಎಲ್ಲ ಹಳೇ ಕಾಲದವರು.

ಆದ್ದರಿಂದಲೇ 1985ರ 'ಮೈ ಬ್ಯೂಟಿಫುಲ್ ಲಾಂಡ್ರೆಟ್' ನನಗೆ ಎಲ್ಲಕ್ಕಿಂತ ಹೆಚ್ಚು. ಅಂದಿನ ಲಂಡನ್ನಿನಲ್ಲೇ ಬದುಕುವ, ದುಡ್ಡು ಮಾಡುವ, ಹೆಂಡತಿ ಇದ್ದೂ ರೇಚಲ್ ಅನ್ನುವ ಇಂಗ್ಲಿಷ್ ಹೆಂಗಸಿನ ಜೊತೆ ಸಂಬಂಧ ಇಟ್ಟುಕೊಂಡ ಪಾಕಿಸ್ತಾನಿ ವ್ಯಾಪಾರಿ ನಾಸರ್. ಬಟ್ಟೆ ಒಗೆಯುವ ಅಂಗಡಿ ಶುರುವಾಗುವ ದಿನ, ಬಾಗಿಲು ತೆರೆಯುವ ಮೊದಲು, ಖಾಲಿ ಮೆಷಿನುಗಳ ಸಾಲಿನ ಪಕ್ಕ ನಾಸರ್ ಆ ರೇಚಲ್ ಜೊತೆ ವಾಲ್ಟ್ಸ್ ಕುಣಿಯುತ್ತಾನೆ. ಅದೇ ದಿನ, ಅದೇ ಅಂಗಡಿಯಲ್ಲಿ ಅವನ ಮಗಳು ರೇಚಲ್‌ಗೆ ಎದುರು ನಿಲ್ಲುತ್ತಾಳೆ. ಎರಡನ್ನೂ ಸೌಂಡ್ ಇಲ್ಲದೆ ಒಂದರ ಹಿಂದೆ ಒಂದು ನೋಡಿ. ಮಾತೇ ಕೇಳಿಸದಿದ್ದರೂ ಆ ಮನುಷ್ಯನ ಸಂತೋಷ ಎಲ್ಲಿ ಮುರಿಯಿತು ಅಂತ ಬೆರಳಿಟ್ಟು ತೋರಿಸಬಹುದು. ಬ್ರಿಟನ್ನಿನ ಸಿನಿಮಾ ಪ್ರಶಸ್ತಿ ಬಾಫ್ತಾಗೆ ನಾಮನಿರ್ದೇಶನ ತಂದುಕೊಟ್ಟ ಪಾತ್ರ ಇದು.

ಇಷ್ಟಾದ ಮೇಲೆ ಹಿಂದಿಯ 'ಚಶ್ಮೆ ಬದ್ದೂರ್' ಹಾಕಿ. ಸಾಲ ವಸೂಲಿಗೆ ಹುಡುಗರ ಹಿಂದೆ ಬೀಳುವ ಪಾನ್ ಅಂಗಡಿ ಲಲ್ಲನ್ ಮಿಯಾ ಅಲ್ಲಿದ್ದಾನೆ. ಅವನ ನಾಲ್ಕು ಸಾಲು ಬರೆದುಕೊಂಡು, ನಿಮ್ಮ ಬೀದಿಯ ಅಂಗಡಿಯವರ ಕನ್ನಡದಲ್ಲಿ, ನೀವು ಮಂಡ್ಯದವರಾದರೆ ಮಂಡ್ಯದ್ದರಲ್ಲಿ, ಧಾರವಾಡದವರಾದರೆ ಅಲ್ಲಿಯದ್ದರಲ್ಲಿ, ಜೋರಾಗಿ ಹೇಳಿ ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ನಿಮ್ಮ ಮುಖ ನೋಡದ ಯಾರಿಗಾದರೂ ಕಳಿಸಿ, ಇವನ ವಯಸ್ಸೆಷ್ಟು, ಯಾವ ಊರಿನವನು ಅಂತ ಕೇಳಿ. ಅವರು ಸರಿಯಾಗಿ ಹೇಳಿದರೆ ಇನ್ನೊಬ್ಬ ನಟ ರೋಷನ್ ಸೇಠ್ ಕಡೆಗೆ ಹೊರಳಿ. 'ಗಾಂಧಿ'ಯಲ್ಲಿ ನೆಹರು, ಲಾಂಡ್ರೆಟ್‌ನಲ್ಲಿ ನಾಸರ್‌ನ ಸಹೋದರ ಎರಡೂ ಅವರೇ.